ಹದಿನೈದು ಕಲ್ಲುಗಳ ಮಹಜರು

ನೌಕರಿಯಲ್ಲಿದ್ದಾಗ ನಾನು ಎಷ್ಟೋ ಜನರಿಗೆ ಕಾರಣ ಕೇಳಿ ನೋಟಿಸ್ ಕೊಟ್ಟಿದ್ದೇನೆ. ಅದರಲ್ಲಿ ಒಂದನ್ನು ನನಗೇ ಕೊಟ್ಟುಕೊಂಡಿದ್ದೇನೆ. ಆಸ್ಪತ್ರೆ ಕಂಪನಿಗಳ ಕಾನೂನು ವಿಭಾಗಕ್ಕೆ ಸೇರುವ ಹುಡುಗ ಹುಡುಗಿಯರು ಈಗ ನನ್ನ ನಂಬರು ಹುಡುಕಿ ಫೋನ್ ಮಾಡಿ, "ಸರ್, ಅಲ್ಲಿ ಕೆಲಸ ಅಂತ ಏನಿರುತ್ತೆ?" ಎಂದು ಕೇಳುತ್ತಾರೆ. ಕಾಯಿದೆ ಪುಸ್ತಕದಲ್ಲಿ ಇರುವುದನ್ನು ಅವರು ನನಗಿಂತ ಚೆನ್ನಾಗಿ ಓದಿಕೊಂಡಿರುತ್ತಾರೆ. ಅದರಲ್ಲಿ ಇಲ್ಲದ್ದನ್ನು ಹೇಳೋಣವೆಂದರೆ ಆ ನೋಟಿಸಿನಿಂದಲೇ ಶುರು ಮಾಡಬೇಕು. ಆದರೆ ಅಲ್ಲಿಗೆ ಬರುವ ಮುಂಚೆ ಒಂದಿಷ್ಟು ಹಿನ್ನೆಲೆ ಬೇಕು.

ಕಂಪನಿ ಸೇರುವ ಮೊದಲು ಹದಿನೆಂಟು ವರ್ಷ ಶಿಕಾರಿಪುರದ ಕೋರ್ಟಿನಲ್ಲಿ ಸಿವಿಲ್ ವಕೀಲಿಕೆ ಮಾಡಿದೆ. ವಕೀಲಿಕೆ ಎಂದರೆ ಬಹುಪಾಲು ಕ್ರಯಪತ್ರ, ಪಾಲುಪಟ್ಟಿ, ಬದುವಿನ ಜಗಳ, ಪಹಣಿಯಲ್ಲಿ ತಪ್ಪಿಹೋದ ಹೆಸರು. ಆಗ ಬೆಂಗಳೂರಿನ ಕಂಪನಿಯೊಂದು ತಾಲ್ಲೂಕು ಊರುಗಳಲ್ಲಿ ಆಸ್ಪತ್ರೆ ತೆರೆಯುತ್ತ ಶಿಕಾರಿಪುರದಲ್ಲಿ ಒಂದು ದೊಡ್ಡದನ್ನೂ ಸೊರಬದಲ್ಲಿ ಒಂದು ಚಿಕ್ಕದನ್ನೂ ಶುರು ಮಾಡಿತು. ಅಲ್ಲಿಯ ಕಾಗದಪತ್ರ ನೋಡಿಕೊಳ್ಳಲು ಊರಿನ ವಕೀಲನೇ ಬೇಕೆಂದು ನನ್ನನ್ನು ಕರೆದರು. ನನ್ನ ಹೆಸರು ಮೃತ್ಯುಂಜಯ. ಹೆಸರು ನೋಡಿಯೇ ಆಸ್ಪತ್ರೆಯವರು ಕೆಲಸ ಕೊಟ್ಟರೆಂದು ಬಾರ್ ರೂಮಿನ ಗೆಳೆಯರು ಇವತ್ತಿಗೂ ಹೇಳುತ್ತಾರೆ.

ಸಂಬಳಕ್ಕೆ ಸೇರಿದ ವಕೀಲ ಕೋರ್ಟಿನಲ್ಲಿ ವಾದ ಮಾಡುವಂತಿಲ್ಲ. ವಕೀಲಿಕೆಯ ಸನ್ನದನ್ನು ಬಾರ್ ಕೌನ್ಸಿಲಿಗೆ ಒಪ್ಪಿಸಿಬಿಡಬೇಕು. ಅಂದರೆ ವಕೀಲನೆಂದೇ ಕೆಲಸಕ್ಕೆ ತೆಗೆದುಕೊಂಡು ಮೊದಲ ದಿನವೇ ವಕೀಲಿಕೆ ಬಿಡಿಸುತ್ತಾರೆ. ನನಗೆ ಕೊಟ್ಟ ಕೋಣೆ ಎಕ್ಸ್‌ರೇ ರೂಮಿಗೂ ಬೆಡ್‌ಶೀಟು ಒಗೆಯುವಲ್ಲಿಗೂ ನಡುವೆ ಇತ್ತು. ಮೇಜು, ಕುರ್ಚಿ, ಕನ್ನಡಕ ಹಾಕಿದ ಮನುಷ್ಯ, ಇಷ್ಟನ್ನು ನೋಡಿದ ಜನ ಒಳಗೆ ಬಂದು ಕೂತು ನಾಲಿಗೆ ಚಾಚುತ್ತಿದ್ದರು. ಮೊದಲ ವರ್ಷ ಪ್ರತಿಯೊಬ್ಬರಿಗೂ "ನಾನು ಡಾಕ್ಟರಲ್ಲ" ಎಂದು ವಿವರಿಸಿದೆ. ಎರಡನೆಯ ವರ್ಷದಿಂದ ನಾಲಿಗೆ ನೋಡಿ, "ಚೆನ್ನಾಗಿದೆ, ಮುಂದಿನ ರೂಮಿಗೆ ಹೋಗಿ" ಎನ್ನುತ್ತಿದ್ದೆ. ಇದರಿಂದ ಇಬ್ಬರಿಗೂ ಸಮಯ ಉಳಿಯುತ್ತಿತ್ತು.

ಈಗ ಒಪ್ಪಿಗೆ ಪತ್ರದ ವಿಷಯ. ಆಪರೇಷನ್ನಿಗೆ ಮುಂಚೆ ರೋಗಿಯಿಂದ ಸಹಿ ಮಾಡಿಸುವ ಕಾಗದ ಬೆಂಗಳೂರಿನಿಂದ ಅಚ್ಚಾಗಿ ಬರುತ್ತಿತ್ತು. ಹನ್ನೊಂದು ಪುಟ. ಇಂಗ್ಲಿಷಿನಲ್ಲಿ ಬರೆದು, ಕನ್ನಡ ಬಲ್ಲ ಯಾರಿಗೂ ತೋರಿಸದೆ ಕನ್ನಡಕ್ಕೆ ತಿರುಗಿಸಿದ್ದರು. ತಾಳಗುಂದದ ಕಡೆಯ ಒಬ್ಬ ಹಿರಿಯರು ಹರ್ನಿಯಾ ಆಪರೇಷನ್ನಿಗೆ ಬಂದವರು ಅದನ್ನು ಪೂರ್ತಿ ಗಟ್ಟಿಯಾಗಿ ಓದಿದರು. ಓದಿ ಮುಗಿಸಿ ಕನ್ನಡಕ ತೆಗೆದು ನನ್ನ ಕೋಣೆಗೆ ಬಂದರು.

"ವಕೀಲ್ರೇ, ಇದರಾಗ ಐದು ಕಡೆ ಸಾಯಬಹುದು ಅಂತ ಬರದೀರಿ."

"ಅದು ನಿಯಮ ಯಜಮಾನ್ರೇ. ಸಾಧ್ಯತೆ ಅಂತ ಹೇಳಬೇಕಾಗುತ್ತೆ."

"ಸಾಯಾಕೆ ನಾನು ಬಸ್ ಚಾರ್ಜು ಕೊಟ್ಟು ಶಿಕಾರಿಪುರದ ತನ ಬರಬೇಕೇನ್ರೀ? ಅದು ಮನ್ಯಾಗೇ ಆಗ್ತತಿ."

ಅವರು ಹೋಗಿ ಬಸ್ ಹತ್ತಿದರು. ಹರ್ನಿಯಾ ಅವರ ಜೊತೆಯಲ್ಲೇ ವಾಪಸು ಹೋಯಿತು. ಆ ತಿಂಗಳು ಹಾಗೆ ಎದ್ದುಹೋದವರು ಬಹಳ ಜನ. ಆಗ ನನಗೆ ಒಂದು ಉಪಾಯ ಹೊಳೆಯಿತು. ಉಪಾಯ ಹೊಳೆದಾಗ ವಕೀಲನಾದವನು ಒಂದು ರಾತ್ರಿ ಮಲಗಿ ಎದ್ದು ಆಮೇಲೆ ಬರೆಯಬೇಕು. ನಾನು ಆಗಲೇ ಬರೆದೆ.

ನಮ್ಮ ಕಡೆಯ ಜನ ಜೀವಮಾನದಲ್ಲಿ ನಂಬಿ ಸಹಿ ಹಾಕುವ ಕಾಗದ ಒಂದೇ, ಜಮೀನಿನ ಕಾಗದ. ಹಾಗಾಗಿ ಒಪ್ಪಿಗೆ ಪತ್ರವನ್ನು ಕ್ರಯಪತ್ರದ ಧಾಟಿಯಲ್ಲಿ ಬರೆದೆ. "ಈ ದಿವಸ ಬರೆದುಕೊಟ್ಟ ಒಪ್ಪಿಗೆ ಪತ್ರದ ಕ್ರಮವೇನೆಂದರೆ" ಎಂದು ಶುರು. "ಯಾರ ಒತ್ತಾಯವೂ ಇಲ್ಲದೆ, ಸ್ವಸಂತೋಷದಿಂದ" ಎಂದು ನಡುವೆ. ಕೊನೆಗೆ ಷೆಡ್ಯೂಲು, ಅದರಲ್ಲಿ ತೆಗೆಯಬೇಕಾದ ಅಂಗದ ಚಕ್ಕುಬಂದಿ. ಜಮೀನಿಗೆ ನಾಲ್ಕು ದಿಕ್ಕಿನ ಗಡಿ ಬರೆಯುವುದಕ್ಕೆ ಚಕ್ಕುಬಂದಿ ಎನ್ನುತ್ತಾರೆ. ಪಿತ್ತಕೋಶಕ್ಕೆ ಅದನ್ನು ಬರೆಯಲು ನಮ್ಮ ಸರ್ಜನ್ ಡಾಕ್ಟರ್ ಪ್ರಭಾಕರ ನೆರವಾದರು. ರೋಗಿ ಪೂರ್ವಕ್ಕೆ ತಲೆ ಹಾಕಿ ಮಲಗಿದ್ದಾನೆಂದು ಎಣಿಸಿಕೊಂಡೆವು. ಪೂರ್ವಕ್ಕೆ ಲಿವರ್, ಪಶ್ಚಿಮಕ್ಕೆ ಕರುಳು, ದಕ್ಷಿಣಕ್ಕೆ ಜಠರ, ಉತ್ತರಕ್ಕೆ ಪಕ್ಕೆಯ ಗೋಡೆ, ಈ ಮಧ್ಯೆ ಇರುವ ಪಿತ್ತಕೋಶ ಒಂದು.

ಜನ ಅದನ್ನು ಎರಡು ಸಲ ಓದಿಸಿಕೊಂಡು, ತಲೆಯಾಡಿಸಿ ಸಹಿ ಹಾಕತೊಡಗಿದರು. ಊರಿನಿಂದ ಸಾಕ್ಷಿಗಳನ್ನು ಕರೆದುಕೊಂಡು ಬಂದರು. ನಿವೃತ್ತ ಸರ್ವೆಯರ್ ಒಬ್ಬರು ಮಾತ್ರ ಆಕ್ಷೇಪ ಎತ್ತಿದರು. ರೋಗಿ ಮಗ್ಗುಲು ಬದಲಿಸಿದರೆ ಗಡಿ ತಪ್ಪುತ್ತದಲ್ಲ ಎಂದರು. ನ್ಯಾಯವೇ. "ಅಂಗಾತ ಮಲಗಿದಂತೆ" ಎಂದು ಸೇರಿಸಿದೆ. ಇನ್ನೊಬ್ಬರು, "ಎಲ್ಲಾ ಸರಿ ಐತಿ, ಬಿಕ್ಕಲಂ ಎಲ್ಲೈತ್ರೀ?" ಎಂದರು. ಪತ್ರ ಬರೆದವನು ಕೊನೆಯಲ್ಲಿ ತನ್ನ ಹೆಸರು ಹಾಕುವುದು ಬಿಕ್ಕಲಂ. ಅದಿಲ್ಲದ ಪತ್ರವನ್ನು ಹಳೆಯ ತಲೆಗಳು ಪತ್ರವೆಂದೇ ಒಪ್ಪುವುದಿಲ್ಲ. ನಾನು ಸಂತೋಷದಿಂದಲೇ "ಬಿಕ್ಕಲಂ: ಮೃತ್ಯುಂಜಯ" ಎಂದು ಅಚ್ಚು ಹಾಕಿಸಿದೆ. ಆ ದಿನಗಳಲ್ಲಿ ನನ್ನ ಬಗ್ಗೆ ನನಗೆ ಬಹಳ ಒಳ್ಳೆಯ ಅಭಿಪ್ರಾಯವಿತ್ತು.

ಬೆಂಗಳೂರಿನಲ್ಲಿ ನನ್ನ ಮೇಲಧಿಕಾರಿ ಒಬ್ಬ ಮೇಡಂ. ದೊಡ್ಡ ಕಾಲೇಜಿನಲ್ಲಿ ಓದಿದವರು, ಬುದ್ಧಿವಂತರು, ಮಾತು ಕಡಿಮೆ. ವೀಡಿಯೋ ಕಾಲಿನಲ್ಲಿ ನನ್ನ ಪತ್ರ ಹಿಡಿದು, "ಪಿತ್ತಕೋಶದ ಪೂರ್ವ ದಿಕ್ಕು ಅಂದ್ರೇನು ಮೃತ್ಯುಂಜಯ್?" ಎಂದರು. ವಿವರಿಸಿದೆ. "ಜನ ಸಹಿ ಹಾಕ್ತಿದ್ದಾರಾ?" ಎಂದರು. "ಒಬ್ಬರೂ ಎದ್ದು ಹೋಗ್ತಿಲ್ಲ ಮೇಡಂ" ಎಂದೆ. ಅವರು ಆ ವಿಷಯವನ್ನು ಮತ್ತೆ ಎತ್ತಲಿಲ್ಲ.

ಇನ್ನು ಕಲ್ಲಿನ ವಿಷಯ. ಪಿತ್ತಕೋಶದಲ್ಲಿ ಕಲ್ಲಾದರೆ ಅದನ್ನು ಕಲ್ಲಿನ ಸಮೇತ ತೆಗೆಯುತ್ತಾರೆ. ಆ ಕಲ್ಲನ್ನು ಪುಟ್ಟ ಪ್ಲಾಸ್ಟಿಕ್ ಬಾಟಲಿಗೆ ಹಾಕಿ ಮನೆಯವರಿಗೆ ಕೊಡದೆ ಹೋದರೆ ಆಪರೇಷನ್ ಆಗಿದೆ ಎಂದು ನಮ್ಮಲ್ಲಿ ಯಾರೂ ನಂಬುವುದಿಲ್ಲ. ಬಾಟಲಿ ಮನೆಗೆ ಹೋಗುತ್ತದೆ. ರೋಗಿಯನ್ನು ಮಾತಾಡಿಸಲು ಬಂದವರಿಗೆ ಚಹಾದ ಜೊತೆ ಬಾಟಲಿಯೂ ಬರುತ್ತದೆ. ಅವರು ಬೆಳಕಿಗೆ ಹಿಡಿದು ನೋಡಿ, ಎಣಿಸಿ, ತಮ್ಮ ಸಂಬಂಧಿಕರಿಗೆ ಬಂದಿದ್ದ ಕಲ್ಲಿನ ಲೆಕ್ಕ ಹೇಳುತ್ತಾರೆ. ಬಾಟಲಿಗೆ ಒಂದು ಚೀಟಿ ಬೇಕಿತ್ತು. ಅದು ವೈದ್ಯಕೀಯ ವಸ್ತುವಲ್ಲವಾದ್ದರಿಂದ ಆಸ್ಪತ್ರೆಯ ಯಾವ ನಿಯಮವೂ ಅದಕ್ಕೆ ಇರಲಿಲ್ಲ. ನಾನೇ ನಿಯಮ ಮಾಡಿದೆ. ಒಪ್ಪಿಗೆ ಪತ್ರದ ಕೆಳತುದಿಯಲ್ಲಿ, ಬಿಕ್ಕಲಂ ಇರುವಲ್ಲೇ, ಹರಿದುಕೊಳ್ಳುವಂಥ ಒಂದು ಪಟ್ಟಿ ಇಟ್ಟು, ಅದನ್ನೇ ಬಾಟಲಿಗೆ ಅಂಟಿಸಲು ಹೇಳಿದೆ.

ಒಂದು ದಿನ ಒಂದೇ ಥಿಯೇಟರಿನಲ್ಲಿ ಇಬ್ಬರು ಹೆಂಗಸರಿಗೆ ಪಿತ್ತಕೋಶದ ಆಪರೇಷನ್ ಆಯಿತು. ಒಬ್ಬರು ಈಸೂರಿನ ರೈತ ಮಲ್ಲೇಶಪ್ಪನವರ ಹೆಂಡತಿ ಗಿರಿಜಮ್ಮ. ಇನ್ನೊಬ್ಬರು ಸೊರಬದಲ್ಲಿ ಪಾತ್ರೆ ಅಂಗಡಿ ಇಟ್ಟಿದ್ದವರ ಹೆಂಡತಿ ಶಾಂತಮ್ಮ. ಸೊರಬದ ನಮ್ಮ ಆಸ್ಪತ್ರೆಯಲ್ಲಿ ಥಿಯೇಟರ್ ಇರಲಿಲ್ಲವೆಂದು ಅವರನ್ನು ಶಿಕಾರಿಪುರಕ್ಕೆ ಕಳಿಸಿದ್ದರು. ಅಂಗಡಿಯವರ ಹೆಸರೂ ಮಲ್ಲೇಶಪ್ಪ. ಇಬ್ಬರೂ ಹೆಂಗಸರು ಗುಣವಾಗಿ ಮನೆಗೆ ಹೋದರು. ಬಾಟಲಿಗಳೂ ಹೋದವು.

ಹತ್ತು ದಿನ ಬಿಟ್ಟು ಈಸೂರಿನ ಮಲ್ಲೇಶಪ್ಪ ಬಾಟಲಿಯನ್ನು ನನ್ನ ಮೇಜಿನ ಮೇಲೆ ಇಟ್ಟರು.

"ಸ್ಕ್ಯಾನಿಂಗಿನಾಗ ನಾಕು ಕಲ್ಲು ಅಂತ ಬರದಿದ್ರಿ. ಇಲ್ಲಿ ಹನ್ನೊಂದು ಅದಾವು. ಊರೆಲ್ಲ ಎಣಿಸೇತಿ."

"ಒಳ್ಳೇದೇ ಆಯ್ತಲ್ಲ. ಜಾಸ್ತಿ ತೆಗೆದಿದ್ದಾರೆ."

"ಬ್ಯಾರೆಯವರ ಹನ್ನೊಂದು ತಗದೀರಿ. ನಮ್ಮ ನಾಕು ಒಳಗೇ ಅದಾವು. ಅಕಿ ಹತ್ತು ದಿನದಿಂದ ಗಂಜಿ ಬಿಟ್ಟು ಏನೂ ಮುಟ್ಟಿಲ್ಲ. ಉಂಡರೆ ಕಲ್ಲು ಬೆಳೀತಾವು ಅಂತ ಹೆದರಿ ಕುಂತಾಳ."

ಗಿರಿಜಮ್ಮನವರನ್ನು ಕರೆಸಿ ಪುಕ್ಕಟೆ ಸ್ಕ್ಯಾನಿಂಗ್ ಮಾಡಿಸಿದೆವು. ಪಿತ್ತಕೋಶವೇ ಇಲ್ಲವಾದ್ದರಿಂದ ವರದಿಯಲ್ಲಿ "ಪಿತ್ತಕೋಶ ಕಾಣಿಸುತ್ತಿಲ್ಲ" ಎಂದು ಬಂತು. ಮಲ್ಲೇಶಪ್ಪ ಅದನ್ನು ಓದಿಸಿಕೊಂಡು, "ಕಾಣ್ಲಿಲ್ಲ ಅಂದ್ರ ಇಲ್ಲ ಅಂತ ಹೆಂಗ್ರೀ? ನಮ್ಮ ಎಮ್ಮೀನೂ ಮೊನ್ನೆ ಎರಡು ದಿನ ಕಾಣ್ಲಿಲ್ಲ" ಎಂದರು.

ಅದೇ ವಾರ ಸೊರಬದಿಂದ ಲಾಯರ್ ನೋಟಿಸ್ ಬಂತು. ಆ ಮಲ್ಲೇಶಪ್ಪ ಹೆಂಡತಿಯ ಹೊಟ್ಟೆಯಲ್ಲಿ ಹನ್ನೊಂದು ಕಲ್ಲಿವೆ ಎಂದು ಅಂಗಡಿಗೆ ಬಂದ ಗಿರಾಕಿಗಳಿಗೆಲ್ಲ ಹೇಳಿಕೊಂಡಿದ್ದರಂತೆ. ಬಾಟಲಿಯಲ್ಲಿ ನಾಲ್ಕೇ ಕಂಡು ಜನ ನಕ್ಕರಂತೆ. ಫೋನ್ ಮಾಡಿದರೆ, "ಎಂತ ಮಾರಾಯ್ರೆ, ಉಳಿದ ಏಳು ಕಲ್ಲು ಎಲ್ಲಿ ಹೋಯ್ತು? ಪರಿಹಾರ ಗಿರಿಹಾರ ಬೇಡ. ನಮ್ಮ ಕಲ್ಲು ನಮಗೆ ಕೊಡಿ" ಎಂದರು.

ಬಾಟಲಿ ಅದಲುಬದಲಾಗಿದೆ ಎಂದು ಈಗ ತಿಳಿಯಿತು. ಬಾಟಲಿ ಕೊಟ್ಟವರು ಥಿಯೇಟರ್ ನರ್ಸ್ ರೇಣುಕಾ. ಹನ್ನೊಂದು ತಿಂಗಳ ಗುತ್ತಿಗೆಯ ಮೇಲೆ ಹನ್ನೊಂದು ತಿಂಗಳ ಗುತ್ತಿಗೆ ಮಾಡುತ್ತ ನಾಲ್ಕು ವರ್ಷ ದುಡಿದಿದ್ದ ಹೆಣ್ಣುಮಗಳು. ಕಾಯಂ ಆಗುವ ಪಟ್ಟಿಯಲ್ಲಿ ಅದೇ ತಿಂಗಳು ಹೆಸರು ಬಂದಿತ್ತು. ಬೆಂಗಳೂರಿನಿಂದ ಮೇಲ್ ಬಂತು: ನರ್ಸಿನ ನಿರ್ಲಕ್ಷ್ಯ, ವಿಚಾರಣೆ ನಡೆಸಿ, ಕೆಲಸದಿಂದ ಬಿಡುಗಡೆ ಮಾಡಿ. ವಿಚಾರಣಾಧಿಕಾರಿ ನಾನು. ವಿಚಾರಣೆಗೆ ಮುಂಚೆಯೇ ಫಲಿತಾಂಶ ಬಂದಿತ್ತು. ಇದು ಕಂಪನಿಗಳಲ್ಲಿ ಅಪರೂಪವಲ್ಲ, ನಿಮಗೂ ಬರುತ್ತದೆ.

ರೇಣುಕಾಳನ್ನು ಕೂರಿಸಿ ಕೇಳಿದೆ.

"ಚೀಟಿ ಓದಿಯೇ ಕೊಟ್ಟೆ ಸರ್" ಎಂದಳು.

"ಓದಿದ್ದರೆ ತಪ್ಪು ಹೇಗಾಗುತ್ತೆ?"

"ಗೊತ್ತಿಲ್ಲ ಸರ್. ಓದಿಯೇ ಕೊಟ್ಟೆ."

ಅವಳ ಕಣ್ಣಲ್ಲಿ ನೀರಿತ್ತು. ಹದಿನೆಂಟು ವರ್ಷ ಪಾಟೀಸವಾಲು ಮಾಡಿದ ನನಗೆ, ಇನ್ನೊಂದು ಪ್ರಶ್ನೆ ಕೇಳಬೇಕು, ಆ ಚೀಟಿಯನ್ನು ಓದಿ ನೋಡಬೇಕು ಎಂದು ಅನ್ನಿಸಲೇ ಇಲ್ಲ. ಮೇಜಿನ ಮೇಲೆ ಬಾಟಲಿ ಇತ್ತು. ಕಲ್ಲು ಎಣಿಸಿದ್ದೆ, ಚೀಟಿ ಓದಿರಲಿಲ್ಲ. "ನಿರ್ಲಕ್ಷ್ಯ ಮೇಲ್ನೋಟಕ್ಕೆ ಸಾಬೀತು" ಎಂದು ಕರಡು ಬರೆದು ಇಟ್ಟೆ. ಇಷ್ಟು ವರ್ಷಗಳ ನೌಕರಿಯಲ್ಲಿ ನನಗೆ ಅತ್ಯಂತ ನಾಚಿಕೆ ತರುವ ವಾಕ್ಯ ಅದು.

ಕಳಿಸುವ ಮುಂಚೆ ಕಲ್ಲು ಬದಲಾಯಿಸಿಕೊಳ್ಳುವ ಏರ್ಪಾಡು ಮಾಡಬೇಕಿತ್ತು. ಈಸೂರಿನವರು ಸೊರಬಕ್ಕೆ ಹೋಗುವುದಿಲ್ಲ ಎಂದರು. ಸೊರಬದವರು ಶಿಕಾರಿಪುರಕ್ಕೆ ಮತ್ತೆ ಕಾಲಿಡುವುದಿಲ್ಲ ಎಂದರು. ಕೊನೆಗೆ ಎರಡೂ ಕಡೆಗೆ ನಡುವಿನ ಶಿರಾಳಕೊಪ್ಪದಲ್ಲಿ, ರಕ್ತ ಪರೀಕ್ಷೆಗೆ ಸ್ಯಾಂಪಲ್ ತೆಗೆದುಕೊಳ್ಳುವ ನಮ್ಮ ಪುಟ್ಟ ಕೇಂದ್ರದಲ್ಲಿ ಸೇರುವುದೆಂದಾಯಿತು. ಇಬ್ಬರು ಮಲ್ಲೇಶಪ್ಪನವರೂ ಸಾಕ್ಷಿಗೆಂದು ತಲಾ ಇಬ್ಬರು ಪಂಚರನ್ನು ಕರೆತಂದರು. ಹೆಂಗಸರಿಬ್ಬರೂ ಬಂದರು, ಗಿರಿಜಮ್ಮ ಬಡವಾಗಿದ್ದರು. ಬಾಟಲಿಗಳನ್ನು ಗುರುತಿಸಲೆಂದು ರೇಣುಕಾಳನ್ನೂ ಕರೆದೊಯ್ದಿದ್ದೆ. ಬೆಳಿಗ್ಗೆ ರಕ್ತ ಕೊಡಲು ಬಂದವರು ಸೂಜಿ ಚುಚ್ಚಿಸಿಕೊಂಡ ಮೇಲೂ ಹೋಗದೆ ಹತ್ತಿ ಒತ್ತಿಕೊಂಡು ನಿಂತರು.

ಸ್ಟೀಲ್ ತಟ್ಟೆಯ ಮೇಲೆ ಕಲ್ಲು ಸುರಿದು ಮಹಜರು ಬರೆಯತೊಡಗಿದೆ. "ಹಳದಿ ಮಿಶ್ರಿತ ಕಂದು ಬಣ್ಣದ, ಕಡಲೆ ಗಾತ್ರದ ನಾಲ್ಕು ಕಲ್ಲು. ಕಪ್ಪು ಬಣ್ಣದ, ಸಾಸಿವೆಗಿಂತ ದಪ್ಪನೆಯ ಹನ್ನೊಂದು ಕಲ್ಲು. ಒಟ್ಟು ಹದಿನೈದು." ಈಸೂರಿನ ಪಂಚರಲ್ಲಿ ಒಬ್ಬರು ಅಳತೆ ಬರೆಸಬೇಕೆಂದು ಹಟ ಹಿಡಿದರು. ಲ್ಯಾಬಿನ ಸ್ಕೇಲು ತರಿಸಿ ಅಳೆದೆವು. ಸೊರಬದ ಮಲ್ಲೇಶಪ್ಪ ತಮ್ಮ ಹನ್ನೊಂದನ್ನು ಮೂರು ಸಲ ಎಣಿಸಿ ಹೆಂಡತಿಯ ಕಡೆ ತಿರುಗಿ, "ನೋಡು, ನಾ ಹೇಳಿದ್ದಲ್ವನಾ" ಎಂದರು.

ಗಿರಿಜಮ್ಮ ತಮ್ಮ ನಾಲ್ಕು ಕಲ್ಲನ್ನು ಅಂಗೈಯಲ್ಲಿ ಹಿಡಿದು ಬಹಳ ಹೊತ್ತು ನೋಡಿದರು. ಆಮೇಲೆ ಖಾಲಿ ಬಾಟಲಿ ಎರಡನ್ನೂ ಎತ್ತಿಕೊಂಡು ಚೀಟಿ ಓದಿದರು. ಏಳನೇ ಕ್ಲಾಸಿನವರೆಗೆ ಓದಿದವರು, ಬೆರಳಿಟ್ಟು ಓದಿದರು.

"ಮಲ್ಲೇಶಪ್ಪ. ಇದರಾಗೂ ಮಲ್ಲೇಶಪ್ಪ." ತಲೆಯೆತ್ತಿದರು. "ಕಲ್ಲು ಇದ್ದದ್ದು ನನ್ನ ಹೊಟ್ಟ್ಯಾಗ. ಕೊಯ್ದಿದ್ದು ನನ್ನ. ಚೀಟಿ ಮ್ಯಾಲೆ ಇವರ ಹೆಸರು ಯಾಕ್ರೀ?"

ರೇಣುಕಾ ನೆಲ ನೋಡುತ್ತಿದ್ದವಳು ನನ್ನ ಕಡೆ ನೋಡಿದಳು.

ನನ್ನ ಒಪ್ಪಿಗೆ ಪತ್ರದಲ್ಲಿ ದಪ್ಪ ಅಕ್ಷರದಲ್ಲಿ ಮೊದಲು ಬರುವುದು "ಯಜಮಾನರ ಹೆಸರು". ರೋಗಿಯ ಹೆಸರು ಒಳಗೆಲ್ಲೋ, "ನನ್ನ ಹೆಂಡತಿಯಾದ ಇಂಥವಳ" ಎಂದು ಬರುತ್ತದೆ. ಕ್ರಯಪತ್ರದಲ್ಲಿ ಖಾತೆದಾರನ ಹೆಸರು ಬರುವ ಹಾಗೆ. ಕೆಳಗಿನ ಪಟ್ಟಿಯಲ್ಲಂತೂ ಜಾಗ ಸಾಲದೆ ರೋಗಿಯ ಹೆಸರನ್ನೇ ಬಿಟ್ಟು ಯಜಮಾನರ ಹೆಸರನ್ನು ಉಳಿಸಿದ್ದೆ. ರೇಣುಕಾ ಅದನ್ನು ಓದಿ, "ಮಲ್ಲೇಶಪ್ಪನ ಮನೆಯವರು ಬನ್ನಿ" ಎಂದು ಕೂಗಿದ್ದಳು. ಬಂದವರು ಮಲ್ಲೇಶಪ್ಪನ ಮನೆಯವರೇ.

"ಇದನ್ನ ಬರದೋರು ಯಾರ್ರೀ?" ಎಂದು ಗಿರಿಜಮ್ಮ ಮತ್ತೆ ಕೇಳಿದರು.

ಅವರ ಗಂಡ ಬಾಟಲಿ ಇಸಿದುಕೊಂಡು ಕಣ್ಣಿಗೆ ಹತ್ತಿರ ಹಿಡಿದು ಕೊನೆಯ ಸಾಲು ಓದಿದರು. "ಬಿಕ್ಕಲಂ, ಮೃತ್ಯುಂಜಯ."

ಕಲ್ಲಿನ ಒಡತಿಯ ಹೆಸರು ಬರೆಯಲು ಜಾಗವಿರಲಿಲ್ಲ. ನನ್ನ ಹೆಸರಿಗೆ ಇತ್ತು. ಹತ್ತಿ ಒತ್ತಿಕೊಂಡು ನಿಂತಿದ್ದವರೂ ನನ್ನನ್ನೇ ನೋಡುತ್ತಿದ್ದರು. ಭೂಮಿ ಬಾಯಿಬಿಡಬಾರದೇ ಎಂದು ಜನ ಹೇಳುವುದನ್ನು ಕೇಳಿದ್ದೆ. ಆ ದಿನ ನಾನೂ ಹೇಳಿಕೊಂಡೆ.

ಶಿಕಾರಿಪುರಕ್ಕೆ ವಾಪಸು ಬಂದು ಮೊದಲು ಕರಡು ಹರಿದೆ. ವಿಚಾರಣಾಧಿಕಾರಿಯಾಗಿ ತಪ್ಪಿತಸ್ಥನ ಮೇಲೆ ಕ್ರಮ ಕೈಗೊಳ್ಳಬೇಕಿತ್ತು. ಬೇರೆ ಅಧಿಕಾರಿ ಇರಲಿಲ್ಲವಾದ್ದರಿಂದ ನನಗೆ ನಾನೇ ಕಾರಣ ಕೇಳಿ ನೋಟಿಸ್ ಬರೆದೆ, ಆವಕ ಪುಸ್ತಕದಲ್ಲಿ ನಮೂದಿಸಿ, ಮುಟ್ಟಿತೆಂದು ಸಹಿ ಹಾಕಿದೆ. ಉತ್ತರಕ್ಕೆ ಏಳು ದಿನ ಕೊಟ್ಟಿದ್ದೆ. ಕೆಲಸದ ಒತ್ತಡದಿಂದ ಇನ್ನೂ ನಾಲ್ಕು ದಿನ ಬೇಕೆಂದು ಅರ್ಜಿ ಕೊಟ್ಟೆ. ತಿರಸ್ಕರಿಸಿದೆ. ಏಳನೆಯ ದಿನ ಕೊಟ್ಟ ಉತ್ತರದಲ್ಲಿ ಸ್ವಲ್ಪ ಜಾರಿಕೊಳ್ಳಲು ನೋಡಿದ್ದೆ, ಅಚ್ಚಿನವರ ಮೇಲೆ ಹಾಕಿದ್ದೆ. ಅದನ್ನು "ತೃಪ್ತಿಕರವಲ್ಲ" ಎಂದು ಬರೆದು ಎಚ್ಚರಿಕೆ ಪತ್ರ ಕೊಟ್ಟೆ. ಕಡತವನ್ನು ಪೂರ್ತಿ ಬೆಂಗಳೂರಿಗೆ ಕಳಿಸಿದೆ.

ಮೇಡಂ ಫೋನ್ ಮಾಡಿದರು.

"ಮೃತ್ಯುಂಜಯ್, ನೀವು ಆರಾಮಾಗಿದ್ದೀರಾ?"

"ಆರಾಮಾಗಿದ್ದೀನಿ ಮೇಡಂ."

"ನಿಮಗೆ ನೀವೇ ಎಚ್ಚರಿಕೆ ಕೊಟ್ಟುಕೊಂಡಿದ್ದೀರಿ."

"ಹೌದು ಮೇಡಂ. ಮೊದಲು ಒಪ್ಪಲಿಲ್ಲ. ಆಮೇಲೆ ಒಪ್ಪಿದೆ."

ಆ ಕಡೆ ಉಸಿರು ಬಿಟ್ಟ ಸದ್ದು ಕೇಳಿತು. "ನರ್ಸ್?"

"ಅವಳು ಚೀಟಿ ಓದಿಯೇ ಕೊಟ್ಟಿದ್ದಾಳೆ ಮೇಡಂ. ಅವಳನ್ನ ಬಿಡಿಸೋದಾದರೆ ಮೊದಲು ನನ್ನನ್ನ ಬಿಡಿಸಬೇಕಾಗುತ್ತೆ. ಕಡತ ಹಾಗೇ ಬರೆದಿದ್ದೀನಿ, ಬೇರೆ ದಾರಿ ಇಲ್ಲ."

"ವಕೀಲರನ್ನ ಕೆಲಸಕ್ಕೆ ಇಟ್ಟುಕೊಂಡರೆ ಇದೇ ಕಷ್ಟ" ಎಂದು ಮೇಡಂ ಫೋನ್ ಇಟ್ಟರು. ಮುಂದಿನ ತಿಂಗಳು ರೇಣುಕಾ ಕಾಯಂ ಆದಳು. ಗಿರಿಜಮ್ಮ ಅನ್ನ ಉಣ್ಣತೊಡಗಿದರೆಂದು ಮಲ್ಲೇಶಪ್ಪ ಹೇಳಿಕಳಿಸಿದರು. ಒಪ್ಪಿಗೆ ಪತ್ರದ ಮೊದಲ ಸಾಲು "ರೋಗಿಯ ಹೆಸರು" ಎಂದಾಯಿತು, ಕೆಳಗಿನ ಪಟ್ಟಿಯಲ್ಲೂ ಅದೇ. ಚಕ್ಕುಬಂದಿಯನ್ನು ಜನ ಬಿಡಲು ಒಪ್ಪದ ಕಾರಣ ಉಳಿಸಿಕೊಂಡೆವು. ಬಿಕ್ಕಲಂ ತೆಗೆದೆ.

ಇದನ್ನು ಇಲ್ಲಿಗೇ ನಿಲ್ಲಿಸಿದ್ದರೆ ನಾನು ಪಾಠ ಕಲಿತ ಮನುಷ್ಯನ ಹಾಗೆ ಕಾಣುತ್ತಿದ್ದೆ. ಆದರೆ ಹೊಸಬರಿಗೆ ಪೂರ್ತಿ ಹೇಳಬೇಕು. ನಾನು ನಿವೃತ್ತನಾದ ಮರುವರ್ಷ ನನ್ನ ಹೆಂಡತಿ ಸುಮಿತ್ರಾಳಿಗೆ ಹೊಟ್ಟೆನೋವು ಬಂತು. ಪಿತ್ತಕೋಶದ ಕಲ್ಲೇ. ನಮ್ಮ ಆಸ್ಪತ್ರೆಗೇ ಹೋದೆವು. ರೇಣುಕಾ ಈಗ ಅಲ್ಲಿ ನರ್ಸಿಂಗ್ ಇನ್‌ಚಾರ್ಜ್. ಅವಳೇ ಒಪ್ಪಿಗೆ ಪತ್ರ ಹಿಡಿದುಕೊಂಡು ಬಂದು ಹಾಸಿಗೆಯ ಪಕ್ಕ ಕೂತು ಪೆನ್ನು ತೆರೆದಳು.

"ಹೆಸರು?"

ಅವಳ ಬಾಯಿಂದ ಮಾತು ಮುಗಿಯುವ ಮುಂಚೆ ನಾನು ಶುರು ಮಾಡಿದ್ದೆ. "ಬರ್ಕೊಳಮ್ಮ, ಸುಮಿತ್ರಾ ಕೋಂ ಮೃತ್ಯುಂಜಯ." ಇಂಥವನ ಹೆಂಡತಿ ಎನ್ನುವುದಕ್ಕೆ ಪತ್ರಗಳಲ್ಲಿ ಕೋಂ ಎಂದು ಬರೆಯುತ್ತೇವೆ. ಮೂವತ್ತು ವರ್ಷದಲ್ಲಿ ಎಷ್ಟು ಸಾವಿರ ಸಲ ಬರೆದಿದ್ದೇನೋ.

ರೇಣುಕಾ ಬರೆಯಲಿಲ್ಲ. ಪೆನ್ನನ್ನು ಹಾಗೇ ಹಿಡಿದುಕೊಂಡು, "ಸರ್, ನೀವು ಸ್ವಲ್ಪ ಹೊರಗೆ ಕೂತ್ಕೊಳ್ಳಿ. ನಾನು ಅವರನ್ನ ಕೇಳಿದ್ದು" ಎಂದಳು.

ನಾನು ಎದ್ದು ಹೊರಗೆ ಹೋಗಿ ಬೆಂಚಿನ ಮೇಲೆ ಕೂತೆ. ಒಳಗೆ ನನ್ನ ಹೆಂಡತಿ ತನ್ನ ಹೆಸರು ಹೇಳುವುದು ಕೇಳಿಸಿತು.